ಬಿದ್ದದ್ದು ನಾಟಕ, ಕೂಗಿದ್ದು ನಿಜ

ಪ್ರಶ್ನೆ: ಯಾರು ಗೆಲ್ಲಬೇಕೆಂದು ಮೊದಲೇ ಮಾತಾಗಿರುವ ಕುಸ್ತಿಗೆ, ಯುದ್ಧದಲ್ಲಿ ಸೋತ ಜಪಾನ್ ಹುಚ್ಚೆದ್ದು ಕುಣಿಯಿತಂತೆ. ಅಷ್ಟು ಜನ ಮೋಸ ಹೋದರಾ?
- ಓದುಗರೊಬ್ಬರು, ಹಾವೇರಿ

ಉತ್ತರ: ಮೋಸ ಅನ್ನುವ ಮಾತು ನನಗೆ ಒಪ್ಪಿಗೆಯಿಲ್ಲ. ನಾನು ಗರಡಿ ನೋಡಿ ಬೆಳೆದವನು. ಮಟ್ಟಿಗೆ ಬೆನ್ನು ತಾಗಿದರೆ ಸೋಲು, ಅಷ್ಟೇ ಲೆಕ್ಕ. ಟಿವಿ ಕುಸ್ತಿ ಕಂಡರೆ ಸಿಟ್ಟು ಬರುತ್ತಿತ್ತು. ನೀವು ಹೇಳುವ ಆ ಜಪಾನಿ ಕುಸ್ತಿಯ ವೀರ ರಿಕಿಡೋಜಾನ್ ಕತೆ ತಿಳಿದ ಮೇಲೆ ಆ ಸಿಟ್ಟು ಇಳಿಯಿತು.

1954ರ ಫೆಬ್ರವರಿ 19, ಟೋಕಿಯೋದ ಕುರಾಮಾಯೆ ಸುಮೋ ಭವನ. ಒಂದು ಕಡೆ ಬೆನ್ ಮತ್ತು ಮೈಕ್ ಶಾರ್ಪ್, ಆರಡಿಗೂ ಜಾಸ್ತಿ ಎತ್ತರದ ಅಣ್ಣತಮ್ಮಂದಿರು. ಕೆನಡಾದವರು, ಆದರೆ ನೋಡುವವರ ಕಣ್ಣಿಗೆ ಅಮೆರಿಕದವರೇ. ಇನ್ನೊಂದು ಕಡೆ ರಿಕಿಡೋಜಾನ್, ಜೊತೆಗೆ ಜೂಡೋದಲ್ಲಿ ಹೆಸರಾಂತ ಮಸಾಹಿಕೋ ಕಿಮುರಾ. ಅಮೆರಿಕದ ಸೇನಾ ಆಡಳಿತ ಮುಗಿದು ಇನ್ನೂ ಎರಡು ವರ್ಷ ತುಂಬಿರಲಿಲ್ಲ. ಟಿವಿ ಪ್ರಸಾರ ಶುರುವಾಗಿ ಒಂದು ವರ್ಷ ಆಗಿತ್ತು, ಅಷ್ಟೇ. ಸಂಬಳದವರು ಟಿವಿ ಕೊಳ್ಳುವ ಮಾತೇ ಇಲ್ಲ. ನಿಪ್ಪಾನ್ ಟಿವಿಯವರು ಬೀದಿಬೀದಿಯಲ್ಲಿ ಪೆಟ್ಟಿಗೆ ಇಟ್ಟಿದ್ದರು. ಶಿಂಬಾಶಿ ರೈಲು ನಿಲ್ದಾಣದ ಮುಂದೆ ಜನ ಕಿಕ್ಕಿರಿದು ನಿಂತರು. ಕಿಮುರಾ ಪೆಟ್ಟು ತಿಂದು ಸುಸ್ತಾಗುತ್ತಾರೆ, ನನ್ನ ಬದಲು ನೀನು ಬಾ ಅಂತ ಕೈಚಾಚಿ ಜೊತೆಗಾರನನ್ನು ಮುಟ್ಟುತ್ತಾರೆ. ರಿಕಿಡೋಜಾನ್ ಒಳಗೆ ನುಗ್ಗಿ ಅಂಗೈ ಅಂಚಿನಿಂದ ಎದೆಗೆ ಬಾರಿಸುತ್ತಾರೆ. ಅದೇ ಕರಾಟೆ ಚಾಪ್. ಆ ದೈತ್ಯ ಬೀಳುತ್ತಾನೆ! 1945ರಿಂದ ತಲೆ ತಗ್ಗಿಸಿಕೊಂಡು ಓಡಾಡಿದ್ದ ಜನ ಕೂಗದೆ ಇರುತ್ತಾರಾ?

ಕಿಮುರಾ ಅವರನ್ನು ನೆನೆದರೆ ಮಾತ್ರ ನನಗೆ ಸಂಕಟ. ಅಂಥ ಪಟುವಿಗೆ ಸಿಕ್ಕಿದ್ದು ಪೆಟ್ಟು ತಿನ್ನುವ ಪಾತ್ರ. ಅದೇ ವರ್ಷ ಡಿಸೆಂಬರ್ 22ಕ್ಕೆ ಇಬ್ಬರೂ ಎದುರುಬದುರಾದರು. ಡ್ರಾ ಎಂದು ಮಾತಾಗಿತ್ತು ಅಂತ ಕಿಮುರಾ ಆಮೇಲೆ ಹೇಳಿದರು. ಆದರೆ ಅಖಾಡದಲ್ಲಿ ಕಿಮುರಾ ಅವರನ್ನು ರಿಕಿಡೋಜಾನ್ ನಿಜವಾಗಿಯೇ ಹೊಡೆದು ಕೆಡವಿದರು.

ನೀವು ಮೋಸ ಅಂದಿರಲ್ಲ, ನನ್ನನ್ನು ಕಾಡುವ ಮುಚ್ಚುಮರೆ ಬೇರೆ. ಜಪಾನಿನ ಮಾನ ಉಳಿಸಿದ ಈ ವೀರ ಹುಟ್ಟಿದ್ದು ಕೊರಿಯಾದಲ್ಲಿ, ಈಗಿನ ಉತ್ತರ ಕೊರಿಯಾದ ನೆಲದಲ್ಲಿ. ಅಪ್ಪ ಅಮ್ಮ ಇಟ್ಟ ಹೆಸರು ಕಿಮ್ ಸಿನ್-ರಾಕ್. ಕೊರಿಯಾದವರನ್ನು ಕೀಳಾಗಿ ಕಾಣುತ್ತಿದ್ದ ಕಾಲ. ನಾಗಸಾಕಿ ಕಡೆಯವರು ಅಂತಲೇ ಜನರಿಗೆ ಹೇಳಿದ್ದರು. 1963ರ ಡಿಸೆಂಬರಿನಲ್ಲಿ ಟೋಕಿಯೋದ ನೈಟ್‌ಕ್ಲಬ್ಬಿನಲ್ಲಿ ಯಾರೋ ಚಾಕು ಹಾಕಿದರು. ಒಂದು ವಾರಕ್ಕೆ ತೀರಿಕೊಂಡರು, 39 ವರ್ಷಕ್ಕೇ. ಅವರು ಎಲ್ಲಿಯವರು ಅಂತ ಹೆಚ್ಚಿನ ಅಭಿಮಾನಿಗಳಿಗೆ ಗೊತ್ತಾಗಿದ್ದು ಅದಾಗಿ ಎಷ್ಟೋ ವರ್ಷಗಳ ಮೇಲೆ.