ಗೈರುಹಾಜರಿಯಿಂದ ವಜಾ ಆದ ಮೇಲ್ಮನವಿಗೆ ಎರಡನೇ ಮೇಲ್ಮನವಿ ದಾರಿಯೇ?

ತಂದೆಯವರ ಜಮೀನಿನ ದಾವೆಯ ಮೇಲ್ಮನವಿ, ವಿಚಾರಣೆಯ ದಿನ ಕೂಗಿಸಿದಾಗ ಯಾರೂ ಹಾಜರಿರಲಿಲ್ಲವೆಂದು ಜಿಲ್ಲಾ ನ್ಯಾಯಾಲಯದಲ್ಲಿ ವಜಾ ಆಗಿ ನಾಲ್ಕು ತಿಂಗಳಾಗಿದೆ, ವಿಷಯ ತಿಳಿದದ್ದು ಕಳೆದ ವಾರ, ಈಗ ಹೈಕೋರ್ಟಿಗೆ ಎರಡನೇ ಮೇಲ್ಮನವಿ ಸಲ್ಲಿಸಬೇಕೆ ಎಂದು ಕೇಳಿದ್ದೀರಿ. ಬೇಡ, ನೀವು ಹೋಗಬೇಕಾದದ್ದು ವಜಾ ಮಾಡಿದ ನ್ಯಾಯಾಲಯಕ್ಕೇ. ಸಿವಿಲ್ ವಕೀಲಿಕೆಯಲ್ಲಿರುವ ನಾನು, ಈ ಒಂದು ತಪ್ಪು ಹೆಜ್ಜೆಯಿಂದ ತಿಂಗಳುಗಟ್ಟಲೆ ಕಳೆದುಕೊಂಡು ಬಂದವರ ಕಡತಗಳನ್ನು ನೋಡಿದ್ದೇನೆ.

ಎರಡನೇ ಮೇಲ್ಮನವಿ ಇರುವುದು ಡಿಕ್ರಿಯ, ಅಂದರೆ ಕಕ್ಷಿದಾರರ ಹಕ್ಕುಗಳನ್ನು ನಿರ್ಣಯಿಸಿದ ತೀರ್ಮಾನದ, ವಿರುದ್ಧ. 1908ರ ಸಿವಿಲ್ ಪ್ರಕ್ರಿಯಾ ಸಂಹಿತೆಯ 2(2)ನೇ ಕಲಮು ಗೈರುಹಾಜರಿಗಾಗಿ ವಜಾ ಮಾಡಿದ ಆದೇಶವನ್ನು ಡಿಕ್ರಿಯ ವ್ಯಾಖ್ಯೆಯಿಂದ ಹೊರಗಿಟ್ಟಿದೆ. ನಿಮ್ಮ ತಂದೆಯವರ ವಾದ ಸರಿಯೋ ತಪ್ಪೋ ಎಂದು ಆ ದಿನ ಯಾರೂ ನಿರ್ಣಯಿಸಿಲ್ಲ. ಆದರೂ ಮೊದಲು ಆದೇಶದ ದೃಢೀಕೃತ ಪ್ರತಿ ತೆಗೆಸಿ, ಅದರ ಮಾತುಗಳನ್ನು ನಿಧಾನವಾಗಿ ಓದಿ. ಮೇಲ್ಮನವಿದಾರ ಬಾರದಿದ್ದಾಗ ಅದೇ ಸಂಹಿತೆಯ ಆದೇಶ 41, ನಿಯಮ 17ರಡಿ ನ್ಯಾಯಾಲಯ ಮೇಲ್ಮನವಿಯನ್ನು ವಜಾ ಮಾಡಬಹುದು, ಆದರೆ ಗುಣದೋಷಗಳ ಮೇಲೆ ತೀರ್ಮಾನಿಸಿ ವಜಾ ಮಾಡುವಂತಿಲ್ಲ ಎಂಬ ವಿವರಣೆಯನ್ನು 1976ರ ತಿದ್ದುಪಡಿ ಸೇರಿಸಿತು. ಗೈರುಹಾಜರಿಯನ್ನು ಬರೆದುಕೊಂಡ ಮೇಲೂ ನ್ಯಾಯಾಧೀಶರು ಸಾಕ್ಷ್ಯವನ್ನು ಚರ್ಚಿಸಿ ಕೆಳ ನ್ಯಾಯಾಲಯದ ತೀರ್ಪನ್ನು ಎತ್ತಿಹಿಡಿದಿದ್ದರೆ, ಆಗ ಮಾತ್ರ ಲೆಕ್ಕ ಬೇರೆಯಾಗುತ್ತದೆ, ಎರಡನೇ ಮೇಲ್ಮನವಿಯ ಮಾತು ಬರುತ್ತದೆ.

ಸಾಮಾನ್ಯ ವಜಾ ಆದೇಶವಾಗಿದ್ದರೆ ನಿಮ್ಮ ಅರ್ಜಿ ಆದೇಶ 41, ನಿಯಮ 19ರಡಿ, ಮೇಲ್ಮನವಿಯನ್ನು ಮತ್ತೆ ಕಡತಕ್ಕೆ ತೆಗೆದುಕೊಳ್ಳಬೇಕೆಂದು ಕೋರುವುದು. 1963ರ ಕಾಲಮಿತಿ ಅಧಿನಿಯಮದ 122ನೇ ಅನುಚ್ಛೇದ ಇದಕ್ಕೆ 30 ದಿನ ಕೊಡುತ್ತದೆ, ಮತ್ತು ಆ ದಿನಗಳು ಎಣಿಕೆಯಾಗುವುದು ವಜಾ ಆದ ದಿನದಿಂದಲೇ ಹೊರತು ನಿಮಗೆ ತಿಳಿದ ದಿನದಿಂದಲ್ಲ. ಆದ್ದರಿಂದ ಇದರ ಜೊತೆಗೇ ವಿಳಂಬ ಮನ್ನಾ ಕೋರುವ, ಅದೇ ಅಧಿನಿಯಮದ 5ನೇ ಕಲಮಿನ ಅರ್ಜಿಯೂ ಬೇಕು.

ಎರಡೂ ಅರ್ಜಿಗಳು ನಿಲ್ಲುವುದು ಪ್ರಮಾಣಪತ್ರದ (ಅಫಿಡವಿಟ್) ಮೇಲೆ, ಅದರಲ್ಲೇ ಹೆಚ್ಚಿನವರು ಎಡವುತ್ತಾರೆ. ಆ ದಿನ ಹಾಜರಾಗಲು ಏನು ಅಡ್ಡಿಯಾಯಿತು ಎಂಬುದು ಒಂದು ಪ್ರಶ್ನೆ. ನಂತರದ ನಾಲ್ಕು ತಿಂಗಳು ಏಕೆ ಸುಮ್ಮನಿದ್ದಿರಿ ಎಂಬುದು ಇನ್ನೊಂದು. 'ಅನಾರೋಗ್ಯದ ಕಾರಣ' ಎಂಬ ಎರಡು ಪದ ಎರಡಕ್ಕೂ ಉತ್ತರವಾಗದು. ಆಸ್ಪತ್ರೆಯ ಚೀಟಿ, ವಕೀಲರಿಗೆ ಬರೆದ ಪತ್ರ, ಕೊನೆಯ ವಾಯಿದೆಯ ಬಗ್ಗೆ ಅವರು ಕೊಟ್ಟ ಮಾಹಿತಿ, ವಿಷಯ ಹೇಗೆ ಯಾರಿಂದ ತಿಳಿಯಿತು ಎಂಬುದನ್ನು ದಿನಾಂಕಸಹಿತ ಹೇಳಬೇಕು. ವಕೀಲರ ಲೋಪಕ್ಕೆ ನಿರಪರಾಧಿ ಕಕ್ಷಿದಾರ ನಷ್ಟ ಅನುಭವಿಸಬಾರದೆಂದು ಸುಪ್ರೀಂ ಕೋರ್ಟ್ 1981ರ ರಫೀಕ್ ಮತ್ತು ಮುನ್ಷಿಲಾಲ್ ಪ್ರಕರಣದಲ್ಲಿ ಹೇಳಿದ್ದು ನಿಜ. ಪ್ರತಿ ದಿನದ ವಿಳಂಬಕ್ಕೂ ಲೆಕ್ಕ ಕೊಡಿ ಎಂದು ಅತಿಯಾಗಿ ಪಟ್ಟುಹಿಡಿಯಬಾರದೆಂದು 1987ರ ಕಾತಿಜಿ ಪ್ರಕರಣದಲ್ಲಿ ಹೇಳಿದ್ದೂ ನಿಜ. ಆದರೆ ವರ್ಷಗಟ್ಟಲೆ ತನ್ನ ಪ್ರಕರಣವನ್ನೇ ವಿಚಾರಿಸದವನು ಎಲ್ಲ ಭಾರವನ್ನೂ ವಕೀಲರ ಮೇಲೆ ಹೊರಿಸಿದರೆ ನ್ಯಾಯಾಲಯ ಒಪ್ಪುವುದಿಲ್ಲ. ಒಪ್ಪಬಾರದು ಎಂದೇ ನನ್ನ ಅಭಿಪ್ರಾಯ.

ಅರ್ಜಿ ಮಂಜೂರಾದರೆ ಎದುರುದಾರರಿಗೆ ಖರ್ಚು ಕೊಡುವಂತೆ ಷರತ್ತು ಬೀಳಬಹುದು. ಕಟ್ಟಿಬಿಡಿ, ಅದಕ್ಕಾಗಿ ಜಗಳ ಬೇಡ. ತಿರಸ್ಕೃತವಾದರೆ ಆ ತಿರಸ್ಕಾರದ ವಿರುದ್ಧ ಆದೇಶ 43, ನಿಯಮ 1(ಟಿ) ಅಡಿ ಮೇಲ್ಮನವಿ ಇದೆ.

ನೀವು ಕೇಳದ ಒಂದು ಸಂಗತಿ ಇದಕ್ಕಿಂತ ತುರ್ತಿನದು. ಮೇಲ್ಮನವಿ ಬಾಕಿಯಿದ್ದಾಗ ಸಿಕ್ಕ ತಡೆಯಾಜ್ಞೆ ವಜಾದೊಂದಿಗೇ ಹೋಗಿದೆ, ಹಾಗಾಗಿ ಎದುರುದಾರರು ಅಮಲ್ಜಾರಿ ಅರ್ಜಿ (ತೀರ್ಪನ್ನು ಜಾರಿಗೆ ತರಲು ಕೋರುವ ಅರ್ಜಿ) ಹಾಕಿ ಜಮೀನಿನ ಸ್ವಾಧೀನ ಕೇಳಲು ಈಗ ಅಡ್ಡಿಯಿಲ್ಲ. ಅಂಥ ಅರ್ಜಿ ದಾಖಲಾಗಿದೆಯೇ ಎಂದು ಮೂಲ ದಾವೆ ನಡೆದ ನ್ಯಾಯಾಲಯದಲ್ಲಿ ಇಂದೇ ವಿಚಾರಿಸಿ, ಹೊಸ ಅರ್ಜಿಯ ಜೊತೆಗೆ ತಡೆಯಾಜ್ಞೆಯನ್ನೂ ಪ್ರತ್ಯೇಕವಾಗಿ ಕೇಳಿ.