ಎರಡು ಬೀಗದ ಮನೆ

ನೀವು ಫೋಟೋ ತೆಗೆದು ಕಳಿಸಿದ ಆ ಮನೆ ನನಗೆ ಗೊತ್ತು. ಜಗಲಿ ಮೇಲೆ ಎರಡು ಮರದ ಕಂಬ, ಕಂಬದ ತಲೆಗೆ ಬಾಳೆಮೊಗ್ಗು ಕೆತ್ತಿದ ಬೋದಿಗೆ, ಬಾಗಿಲಿಗೆ ಎರಡು ಬೀಗ. "ನಿಮ್ಮೂರಲ್ಲಿ ಕಳ್ಳರ ಕಾಟ ಅಷ್ಟೊಂದಾ?" ಅಂತ ಕೇಳಿದ್ರಿ. ಕಳ್ಳರಿಗಲ್ಲ ಸ್ವಾಮಿ, ಆ ಬೀಗ ಹಾಕಿರೋದು ದಾಯಾದಿಗಳಿಗೆ. ಒಂದು ಅಣ್ಣನ ಮಕ್ಕಳದ್ದು, ಇನ್ನೊಂದು ತಮ್ಮನ ಮಕ್ಕಳದ್ದು. ಒಬ್ಬರನ್ನ ಬಿಟ್ಟು ಇನ್ನೊಬ್ಬರು ಒಳಗೆ ಹೋಗೋ ಹಾಗಿಲ್ಲ.

ಧಾರವಾಡದಿಂದ ಬಂದು ವೈಟ್‌ಫೀಲ್ಡಿನಲ್ಲಿ ದುಡಿಯೋರು ನೀವು. ಅಲ್ಲಿ ಬಾಡಿಗೆಗೆ ಸುರಿಯೋ ಬದಲು ಬಂಗಾರಪೇಟೆಯಲ್ಲೊಂದು ಹಳೇ ಮನೆ ಕೊಂಡು, ರಿಪೇರಿ ಮಾಡಿಸಿಕೊಂಡು, ರೈಲಲ್ಲಿ ಓಡಾಡಬಹುದಲ್ಲ ಅನ್ನೋದು ನಿಮ್ಮ ಲೆಕ್ಕ. ತಪ್ಪು ಲೆಕ್ಕ ಅಲ್ಲ, ನಾನೂ ವರ್ಷಗಟ್ಟಲೆ ಅದೇ ರೈಲಲ್ಲಿ ನಿಂತುಕೊಂಡು ಹೋಗಿ ಬಂದೋನೇ. "ರಿಪೇರಿಗೆ ಪರವಾನಗಿ ಸಿಗುತ್ತಾ?" ಅಂತ ಕೇಳಿದ್ದೀರಿ. ಪರವಾನಗಿ ಕೊನೇ ಮೆಟ್ಟಿಲು. ಅದಕ್ಕೆ ಮುಂಚೆ ಇರೋ ಮೆಟ್ಟಿಲುಗಳಲ್ಲೇ ನಮ್ಮ ಕಡೆ ಮನೆಗಳು ಬೀಳೋದು.

ಮೊದಲು ಊರಿನ ವಿಷಯ. ಬೆಂಗಳೂರಿಂದ ನಮ್ಮೂರ ಮೇಲೆ ಜೋಲಾರಪೇಟೆಗೆ ರೈಲು ಬಂದಿದ್ದು 1864ರಲ್ಲಿ. ಮೈಸೂರಿನ ಕಮಿಷನರ್ ಆಗಿದ್ದ ಬೌರಿಂಗ್ ಸಾಹೇಬನ ಹೆಸರಲ್ಲಿ ಇದು ಬೌರಿಂಗ್‌ಪೇಟೆ ಆಗಿತ್ತು, ನಮ್ಮಜ್ಜಿ ಕೊನೇವರೆಗೂ ಹಾಗೇ ಅಂತಿದ್ದಳು. ಕೋಲಾರದ ಚಿನ್ನದ ಗಣಿಗೆ ಕವಲು ಹೊರಟಿದ್ದೂ ಇಲ್ಲಿಂದಲೇ. ಗಣಿಗೆ ಬೇಕಾದ ಬೇಳೆ, ಬೆಲ್ಲ, ಹುಣಸೆಹಣ್ಣು ಎಲ್ಲ ಇಲ್ಲಿ ಇಳಿದು ಹತ್ತುತ್ತಿದ್ದ ಕಾಲದಲ್ಲಿ ಮಂಡಿ ಇಟ್ಟವರು ಕಟ್ಟಿಸಿದ ಮನೆಗಳು ಇವು. ಮುಂದುಗಡೆ ಅಂಗಡಿ, ಹಿಂದೆ ತೊಟ್ಟಿ ಅಂದ್ರೆ ಒಳಂಗಳ, ಅದರ ಹಿಂದೆ ಕೊಟ್ಟಿಗೆ. ಅಗಲ ಹದಿನೈದು ಅಡಿ, ಉದ್ದ ತೊಂಬತ್ತು. ನಮ್ಮ ಮುತ್ತಜ್ಜನದೂ ಅದೇ ಅಳತೆ, ಅದೇ ಹುಣಸೆಹಣ್ಣು.

ಇನ್ನೊಂದು ಸಂಗತಿ ನೀವು ತಿಳಿದಿರಬೇಕು. ಕಾಮಸಮುದ್ರ ದಾಟಿದರೆ ಆಂಧ್ರ, ಇತ್ತ ಕಡೆ ತಮಿಳುನಾಡು. ಗಡಿ ಗೆರೆ ನೋಡಿಕೊಂಡು ಯಾರೂ ಸಂಬಂಧ ಬೆಳೆಸಿಲ್ಲ. ನನ್ನ ದೊಡ್ಡತ್ತೆಯನ್ನ ಕೊಟ್ಟಿದ್ದು ಕುಪ್ಪಂಗೆ, ಚಿಕ್ಕತ್ತೆಯನ್ನ ಹೊಸೂರಿಗೆ. ಮದುವೆ ಕಾಲಕ್ಕೆ ಇದು ಸಲೀಸು. ಮನೆ ಭಾಗ ಮಾಡೋ ಕಾಲಕ್ಕೆ ಮೂರು ರಾಜ್ಯದಿಂದ ಸಹಿ ತರಬೇಕು.

ನಮ್ಮನೆ ಕಥೆಯನ್ನೇ ಹೇಳ್ತೀನಿ, ಬೇರೆಯವರದ್ದು ಯಾಕೆ. ನಮ್ಮಪ್ಪ ತೀರಿಕೊಂಡ ಮೇಲೆ ಸೂರು ಬಿಚ್ಚಿಸಿ ಸರಿ ಮಾಡಿಸೋಣ ಅಂತ ಹೊರಟೆ. ಸುಣ್ಣ ಬಳಿಯೋಕೆ, ಒಡೆದ ಹೆಂಚು ಬದಲಾಯಿಸೋಕೆ ಯಾರ ಪರವಾನಗಿಯೂ ಬೇಡ. ಭಾರ ಹೊತ್ತ ಗೋಡೆ ತೆಗೆಯೋದು, ಮೇಲೊಂದು ಮಹಡಿ ಎತ್ತೋದು ಅಂದ್ರೆ ನಕ್ಷೆ ಬೇಕು, ನಕ್ಷೆಗೆ ಖಾತೆ ಬೇಕು. ಖಾತೆ ತೆಗೆಸಿದ್ರೆ ಅದರಲ್ಲಿರೋ ಹೆಸರು ಮುತ್ತಜ್ಜನದು! ಆತ ಹೋಗಿ ಎಷ್ಟೋ ವರ್ಷ. ಮೂರು ತಲೆ ಕಂದಾಯ ಕಟ್ಟಿದೆ, ರಸೀದಿ ಆತನ ಹೆಸರಿಗೇ ಬಂದಿದೆ, ಯಾರಿಗೂ ಬದಲಾಯಿಸಬೇಕು ಅನ್ನಿಸಿಲ್ಲ. ನಮ್ಮ ಕಡೆ ಇದು ಮನೆಮನೆಯ ಸೋಮಾರಿತನ. ಖಾತೆ ಅನ್ನೋದು ಕಂದಾಯ ಯಾರು ಕಟ್ಟಬೇಕು ಅನ್ನೋ ದಾಖಲೆ ಅಷ್ಟೇ, ಅದೇ ಹಕ್ಕುಪತ್ರ ಅಲ್ಲ ಅನ್ನೋದೂ ನನಗೆ ಆವಾಗಲೇ ತಿಳಿದಿದ್ದು.

ಸರಿ, ಪೌತಿ ಖಾತೆ, ಅಂದ್ರೆ ಸತ್ತವರ ಹೆಸರಿಂದ ವಾರಸುದಾರರ ಹೆಸರಿಗೆ ಖಾತೆ ಮಾಡಿಸಬೇಕು. ಅದಕ್ಕೆ ವಂಶವೃಕ್ಷ, ವಂಶವೃಕ್ಷಕ್ಕೆ ಮರಣ ಪತ್ರ. ಮುತ್ತಜ್ಜ ಸತ್ತಾಗ ಯಾರೂ ಬರೆಸಿರಲಿಲ್ಲ. ವರ್ಷ ದಾಟಿದ ಸಾವನ್ನ ನೋಂದಾಯಿಸಬೇಕು ಅಂದ್ರೆ ಮ್ಯಾಜಿಸ್ಟ್ರೇಟರ ಆದೇಶ ಬೇಕು. ಆತ ಸತ್ತಿದ್ದಾನೆ ಅಂತ ಸಾಬೀತು ಮಾಡೋಕೆ ಎರಡು ಮಳೆಗಾಲ ಹಿಡೀತು.

ಇನ್ನು ಕ್ರಯಪತ್ರ. ಮುತ್ತಜ್ಜ ಜಾಗ ಕೊಂಡ ಕಾಗದ ಅಜ್ಜಿಯ ಮರದ ಪೆಟ್ಟಿಗೆಯ ತಳದಲ್ಲಿತ್ತು. ಮಡಚಿದ ಕಡೆಯೆಲ್ಲ ಹರಿದು ಅಂಗೈಯಗಲದ ಆರು ತುಂಡಾಗಿತ್ತು. ಚಕ್ಕುಬಂದಿ ಹೀಗಿತ್ತು: ಪೂರ್ವಕ್ಕೆ ಬೀದಿ, ಪಶ್ಚಿಮಕ್ಕೆ ಹುಣಸೆಮರ, ಉತ್ತರಕ್ಕೆ ಒಬ್ಬ ಶೆಟ್ಟರ ಮನೆ, ದಕ್ಷಿಣಕ್ಕೆ ಸರ್ಕಾರಿ ಖರಾಬು. ಶೆಟ್ಟರ ಮನೆ ಈಗ ಮೊಬೈಲ್ ಅಂಗಡಿ. ಖರಾಬಿನಲ್ಲಿ ಮೂರಂತಸ್ತಿನ ಕಟ್ಟಡ ಎದ್ದಿದೆ. ಹುಣಸೆಮರವನ್ನ ನನ್ನಪ್ಪನೂ ಕಂಡಿರಲಿಲ್ಲ. ಸರ್ವೆಗೆ ಬಂದ ಹುಡುಗ ಕಾಗದ ನೋಡಿ, "ಸಾರ್, ಪಶ್ಚಿಮಕ್ಕೆ ಎಲ್ಲಿಗೆ ಟೇಪ್ ಹಿಡೀಲಿ?" ಅಂದ. ಹಿಂದಿನ ಮನೆ ಮುದುಕಮ್ಮ ಬಂದು, ತಾನು ಮದುವೆಯಾಗಿ ಬಂದಾಗ ಬುಡ ಇತ್ತು, ಬಟ್ಟೆ ಒಗೆಯೋ ಕಲ್ಲು ಅದರ ಮೇಲೇ ಹಾಕಿದ್ದು ಅಂತ ತೋರಿಸಿದಳು. ಅಲ್ಲಿಗೆ ಹಿಡಿದ.

ಈಗ ಸಹಿ. ಹೆಣ್ಣುಮಕ್ಕಳಿಗೆ ಪಿತ್ರಾರ್ಜಿತದಲ್ಲಿ ಗಂಡುಮಕ್ಕಳ ಸಮ ಹಕ್ಕು ಅಂತ ಆಂಧ್ರ 1985ರಿಂದಲೇ ಜಾರಿಗೆ ತಂತು, ತಮಿಳುನಾಡು 1989ರಲ್ಲಿ, ನಮ್ಮ ಕರ್ನಾಟಕ 1994ರಲ್ಲಿ. ಮೂರೂ ಕಡೆ ಒಂದು ಕೊಕ್ಕೆ, ಅಷ್ಟರೊಳಗೆ ಮದುವೆಯಾದವರಿಗೆ ಅನ್ವಯಿಸಲ್ಲ ಅಂತ. 2005ರ ಕೇಂದ್ರದ ತಿದ್ದುಪಡಿ ಆ ಕೊಕ್ಕೆ ಬಿಡಿಸಿತು. ತಿದ್ದುಪಡಿ ಹೊತ್ತಿಗೆ ಅಪ್ಪ ಬದುಕಿರಬೇಕೇ ಬೇಡವೇ ಅನ್ನೋ ಜಗಳವನ್ನ ಸುಪ್ರೀಂ ಕೋರ್ಟು 2020ರಲ್ಲಿ ಮುಗಿಸಿತು: ಬೇಕಿಲ್ಲ, ಹಕ್ಕು ಹುಟ್ಟಿನಿಂದಲೇ. 2004ರ ಡಿಸೆಂಬರ್ 20ಕ್ಕಿಂತ ಮುಂಚೆ ರಿಜಿಸ್ಟರ್ ಆದ ವಿಭಾಗ ಪತ್ರವೋ ಕೋರ್ಟಿನ ಡಿಕ್ರಿಯೋ ಇದ್ದರೆ ಬೇರೆ ಮಾತು. ನಮ್ಮಲ್ಲಿ ಭಾಗ ಅನ್ನೋದು ಬಾಯಿಮಾತಲ್ಲಿ, ಪಂಚರ ಮುಂದೆ, ಎಲೆ ಅಡಿಕೆ ಕೊಟ್ಟು ಆಗಿತ್ತು. ವಕೀಲರು ಕೇಳಿ ನಕ್ಕರು. ಅತ್ತೆಯರ ಸಹಿ ಇಲ್ಲದೆ ಒಂದು ಹೆಜ್ಜೆ ಇಡಬೇಡಿ ಅಂದ್ರು.

ಚಿಕ್ಕತ್ತೆ ಹೊಸೂರಿಂದ ಬಂದು ಹಕ್ಕು ಬಿಡುಗಡೆ ಪತ್ರಕ್ಕೆ ಹೆಬ್ಬೆಟ್ಟು ಒತ್ತಿ, ಊಟ ಮಾಡಿ ಹೋದಳು. ಕುಪ್ಪಂನ ದೊಡ್ಡತ್ತೆ ಹಾಗಲ್ಲ. ಜಗಲಿ ಮೇಲೆ ಕೂತು, ಕಾಫಿ ಕುಡಿದು, "ದುಡ್ಡು ಬೇಡ ಕಣಪ್ಪ. ಅಡಿಗೆಮನೇಲಿರೋ ಒರಳುಕಲ್ಲು ಕೊಡು, ಸಹಿ ಹಾಕ್ತೀನಿ" ಅಂದಳು. ನಾನು ತಮಾಷೆ ಅಂದುಕೊಂಡೆ. ತಮಾಷೆ ಅಲ್ಲ. ಆ ಒರಳು ನೆಲದೊಳಗೆ ಮೊಣಕಾಲುದ್ದ ಹೂತಿತ್ತು. ಗಾರೆ ಒಡೆದು, ಹಾರೆ ಹಾಕಿ, ನಾಲ್ಕು ಜನ ಎತ್ತಿ ಗೂಡ್ಸ್ ಆಟೋಗೆ ಏರಿಸಿದ್ವಿ. ಕುಪ್ಪಂನಲ್ಲಿ ಅವಳ ಮಗನ ಮನೆ ಇರೋದು ಎರಡನೇ ಮಹಡಿಯಲ್ಲಿ. ಒರಳು ಇವತ್ತಿಗೂ ಕೆಳಗೆ, ಮೆಟ್ಟಿಲ ಸಂದಿಯಲ್ಲಿ, ಸ್ಕೂಟರಿನ ಪಕ್ಕ ಇದೆ. ಅತ್ತೆ ದಿನಾ ಅದಕ್ಕೆ ಅರಿಶಿನ ಕುಂಕುಮ ಇಡ್ತಾಳಂತೆ.

ಇಷ್ಟಾದ ಮೇಲೆ ಬಂತು ನೋಡಿ ನಿಮ್ಮ ಪರವಾನಗಿ. ಅದರ ಗುಟ್ಟು ಏನಂದ್ರೆ, ಇವತ್ತಿನ ನಿಯಮಗಳು ನೋಡೋದು ಸೈಟು, ಪೇಟೆ ಮನೆಯನ್ನಲ್ಲ. ಸೈಟು ಅಂದ್ರೆ ಸುತ್ತ ಜಾಗ ಬಿಟ್ಟು ನಡುವೆ ಕಟ್ಟೋದು. ನಮ್ಮ ಪೇಟೆ ಮನೆಗೆ ಪಕ್ಕದ ಮನೆ ಗೋಡೆಯೇ ಗೋಡೆ, ಅವರ ತೊಲೆ ನಮ್ಮ ಗೋಡೆ ಮೇಲೆ, ನಮ್ಮ ತೊಲೆ ಅವರ ಗೋಡೆ ಮೇಲೆ. ಹದಿನೈದು ಅಡಿಯಲ್ಲಿ ಎರಡೂ ಬದಿ ಒಂದೊಂದು ಮೀಟರು ಬಿಟ್ಟರೆ ಉಳಿಯೋದು ಎಂಟೂವರೆ ಅಡಿಗೂ ಕಮ್ಮಿ. ಅದರಲ್ಲಿ ಮನೆ ಕಟ್ಟಿದ್ರೆ ರೈಲಿನ ಬೋಗಿ ಇದ್ದಂಗಿರುತ್ತೆ. ಹಾಗಾಗಿ ಜನ ಪೂರ್ತಿ ಒಡೆಯಲ್ಲ. ಮುಂಗೋಡೆ, ಬಾಗಿಲುವಾಡ ಹಾಗೇ ಬಿಟ್ಟು, ಒಳಗೆ ಬಗೆದು ಪಿಲ್ಲರ್ ಎಬ್ಬಿಸಿ, "ರಿಪೇರಿ" ಅಂತಾರೆ. ಕರೆಂಟಿನ ಹಳೇ ಆರ್‌ಆರ್ ನಂಬರೂ ಉಳೀತದೆ. ಸ್ವಾಧೀನಾನುಭವ ಪತ್ರ, ಅಂದ್ರೆ ನಕ್ಷೆ ಪ್ರಕಾರ ಕಟ್ಟಿದೆ, ವಾಸ ಮಾಡಬಹುದು ಅಂತ ಕೊಡೋ ಓಸಿ ಇಲ್ಲದ ಕಟ್ಟಡಕ್ಕೆ ನೀರು, ಕರೆಂಟು ಕೊಡಬಾರದು ಅಂತ 2024ರ ಡಿಸೆಂಬರಿನಲ್ಲಿ ಸುಪ್ರೀಂ ಕೋರ್ಟು ಹೇಳಿದ ಮೇಲೆ ಆ ಹಳೇ ಮೀಟರಿಗೆ ಇನ್ನೂ ಬೆಲೆ ಬಂತು. ಸಣ್ಣ ಮನೆಗಳಿಗೆ ಸರ್ಕಾರ ಆಮೇಲೆ ಸಡಿಲ ಮಾಡಿದೆ, ಆದರೂ ಜನ ಮೀಟರು ಬಿಟ್ಟುಕೊಡಲ್ಲ. ನೀವು ಬೀದಿಯಲ್ಲಿ ನೋಡಿ ಖುಷಿಪಟ್ಟ "ಹಳೇ" ಮನೆಗಳಲ್ಲಿ ಅರ್ಧಕ್ಕರ್ಧ ಬರೀ ಮುಖ, ಹಿಂದೆ ಕಾಂಕ್ರೀಟು. ಇದನ್ನ ಮೋಸ ಅನ್ನೋಕೆ ನನಗೆ ಬಾಯಿ ಬರಲ್ಲ.

"ಹಳೇ ಮನೆ ಉಳಿಸಿ ಅಂತ ಸರ್ಕಾರ ಹೇಳಲ್ವಾ?" ಅಂತಲೂ ಕೇಳಿದ್ರಿ. ದೊಡ್ಡವರ ಮನೆಗೆ ಹೇಳುತ್ತೆ. ಚಿಕ್ಕಬಳ್ಳಾಪುರದ ಮುದ್ದೇನಹಳ್ಳಿಯಲ್ಲಿ ವಿಶ್ವೇಶ್ವರಯ್ಯನವರು ಹುಟ್ಟಿದ ಮನೆ ಅಚ್ಚುಕಟ್ಟಾಗಿದೆ, ಹೋಗಿ ನೋಡಿ. ನಮ್ಮ ತಾಲ್ಲೂಕಿನದೇ ಬೂದಿಕೋಟೆಯಲ್ಲಿ ಹೈದರಾಲಿ ಹುಟ್ಟಿದ ಜಾಗವೂ ಕೇಂದ್ರ ಪುರಾತತ್ವ ಇಲಾಖೆಯ ಪಟ್ಟಿಯಲ್ಲಿದೆ. ಹುಣಸೆಹಣ್ಣಿನ ಮಂಡಿಯವರ ಮನೆ ಯಾವ ಪಟ್ಟಿಯಲ್ಲೂ ಇಲ್ಲ. ಕೆಜಿಎಫ್‌ನ ಬಂಗಲೆಗಳು, ಕಾರ್ಮಿಕರ ಲೈನುಗಳದ್ದು ಇನ್ನೊಂದು ಪಾಡು. ಗಣಿ 2001ರಲ್ಲಿ ಮುಚ್ಚಿತು, ಜಾಗ ಕಂಪನಿಯದು, ಒಳಗಿರೋರದಲ್ಲ. ತನ್ನದಲ್ಲದ ಸೂರಿಗೆ ಯಾರು ತಾನೇ ಹೆಂಚು ಹೊದಿಸ್ತಾರೆ?

ಸ್ಮಾರಕದ ಪಕ್ಕದಲ್ಲಿದ್ದು ಉಳಿದ ಮನೆಗಳೂ ಇವೆ, ಅದೊಂದು ವಿಚಿತ್ರ. ನನ್ನ ಹೆಂಡತಿಯ ತವರು ಕೋಲಾರದ ಪೇಟೆಯಲ್ಲಿ, ಸೋಮೇಶ್ವರ ದೇವಸ್ಥಾನದ ಹತ್ತಿರ. ಅದು ಕೇಂದ್ರದ ಸಂರಕ್ಷಿತ ಸ್ಮಾರಕ. ಅಂಥದರ ಗಡಿಯಿಂದ 100 ಮೀಟರೊಳಗೆ ಹೊಸದಾಗಿ ಕಟ್ಟುವ ಹಾಗೇ ಇಲ್ಲ, ಅದರಾಚೆ ಇನ್ನೂ 200 ಮೀಟರಿಗೆ ಅನುಮತಿ ಬೇಕು. 1958ರ ಕಾಯ್ದೆಗೆ 2010ರಲ್ಲಿ ತಂದ ತಿದ್ದುಪಡಿ ಇದನ್ನ ಬಿಗಿ ಮಾಡಿತು. ಮೀರಿದ್ರೆ ಎರಡು ವರ್ಷದವರೆಗೆ ಜೈಲು ಇಲ್ಲ ಒಂದು ಲಕ್ಷದವರೆಗೆ ದಂಡ, ಎರಡೂ ಆಗಬಹುದು. 1992ರ ಜೂನ್ 16ಕ್ಕೆ ಮುಂಚಿನ ಮನೆ ಆದ್ರೆ ಅರ್ಜಿ ಹಾಕಿ ರಿಪೇರಿ ಮಾಡಿಸಬಹುದು, ಅಷ್ಟೇ. ಮಗನ ಮದುವೆಗೆ ಮುಂಚೆ ಮೇಲೊಂದು ರೂಮು ಎತ್ತಬೇಕು ಅಂತ ನಮ್ಮ ಮಾವ ದೇವಸ್ಥಾನದ ಗೋಡೆಯಿಂದ ತಮ್ಮ ಹೊಸಿಲಿಗೆ ಹೆಜ್ಜೆ ಹಾಕಿ ಎಣಿಸಿದ್ರು. ಅರವತ್ತನಾಲ್ಕು. ಮಾರನೇ ದಿನ ಸಣ್ಣ ಹೆಜ್ಜೆ ಇಟ್ಟು ಮತ್ತೆ ಎಣಿಸಿದ್ರು, ಎಪ್ಪತ್ತೊಂದು ಆಯ್ತು. ರೂಮು ಏಳಲಿಲ್ಲ. ಅದರಿಂದ ಆ ಮನೆಯ ತೊಟ್ಟಿ, ಕಂಬ, ಅಟ್ಟ ಎಲ್ಲ ಇದ್ದ ಹಾಗೇ ಇದೆ. ದೇವರು ಮನೆ ಉಳಿಸಿದ ಅಂತ ನಾನಂದ್ರೆ ಮಾವನಿಗೆ ಸಿಟ್ಟು ಬರುತ್ತೆ.

ನಾನು ಮಾಡಿದ ತಪ್ಪೊಂದು ಹೇಳ್ತೀನಿ, ನೀವು ಮಾಡಬೇಡಿ. ಎಲ್ಲ ಕಾಗದ ಕೈಗೆ ಬಂದ ಖುಷಿಯಲ್ಲಿ ಹಳೇ ಗೋಡೆಗೆ ಸಿಮೆಂಟು ಬಳಿಸಿದೆ. ನಮ್ಮದು ಮಣ್ಣು, ಕಲ್ಲು, ಸುಣ್ಣದ ಗೋಡೆ. ಮೇಲೆ ಮದರಾಸು ತಾರಸಿ, ಅಂದ್ರೆ ಮರದ ತೊಲೆ ಮೇಲೆ ಸಣ್ಣ ಇಟ್ಟಿಗೆ ನಿಲ್ಲಿಸಿ, ಸುಣ್ಣದ ಗಾರೆ ಹಾಕಿ, ಬೆಲ್ಲ ಅಳಲೆಕಾಯಿ ನೀರು ಚಿಮುಕಿಸಿ ದಿನಗಟ್ಟಲೆ ಬಡಿದದ್ದು. ಒಂದು ಮಳೆಗಾಲ ಕಳೆಯೋದರೊಳಗೆ ಸಿಮೆಂಟು ಹಪ್ಪಳದ ಹಾಗೆ ಎದ್ದು ಬಂತು, ಬರೋವಾಗ ಹಳೇ ಗಾರೆಯನ್ನೂ ಕಿತ್ತುಕೊಂಡು ಬಂತು. ಕುಪ್ಪಂ ಕಡೆಯ ಮುದಿ ಮೇಸ್ತ್ರಿ ಬೆರಳಲ್ಲಿ ತಟ್ಟಿ ಕೇಳಿ, "ಗೋಡಕು ಊಪಿರಾಡ್ಲೇದು ಸಾರ್" ಅಂದ. ಗೋಡೆಗೆ ಉಸಿರಾಡೋಕೆ ಆಗ್ತಿಲ್ಲ ಅಂತ. ಕೆಳಗಿಂದ ಹೀರಿದ ತೇವ ಸುಣ್ಣದಲ್ಲಿ ಆರಿಹೋಗುತ್ತೆ, ಸಿಮೆಂಟಿನಲ್ಲಿ ಸಿಕ್ಕಿಕೊಳ್ಳುತ್ತೆ. ಎಲ್ಲ ಕೆರೆದು ಮತ್ತೆ ಸುಣ್ಣದ ಗಾರೆ ಮಾಡಿಸೋಕೆ ಸಿಮೆಂಟಿಗೆ ಹಾಕಿದ್ದಕ್ಕಿಂತ ಜಾಸ್ತಿ ಹೋಯ್ತು. ಈ ಕೆಲಸ ಬಲ್ಲ ಮೇಸ್ತ್ರಿ ಸಿಗೋದೂ ಕಷ್ಟ.

ಬೇಡ ಅಂತ ಕೈಚೆಲ್ಲಿದ್ರೆ ಕೊಳ್ಳೋರು ತಯಾರಾಗಿ ನಿಂತಿರ್ತಾರೆ. ಮನೆ ಒಡೆಯೋಕೆ ನಾವು ಕೂಲಿ ಕೊಡಬೇಕಿಲ್ಲ, ಒಡೆಯೋರೇ ನಮಗೆ ದುಡ್ಡು ಕೊಡ್ತಾರೆ. ಕಂಬ, ಬಾಗಿಲು, ತೊಲೆ ಲಾರಿ ಹತ್ತಿ ಹೋಗುತ್ತೆ. ನಿಮ್ಮ ವೈಟ್‌ಫೀಲ್ಡಿನ ಯಾವುದೋ ಹೋಟೆಲಲ್ಲಿ ಕೂತು ಬೋದಿಗೆ ಕೆತ್ತನೆ ಚೆನ್ನಾಗಿದೆ ಅಂತ ನೀವು ಫೋಟೋ ತೆಗೆದಿದ್ರೆ, ಅದು ನಮ್ಮ ಬೀದಿಯದ್ದೇ ಇರಬಹುದು.

ಹಾಗಾಗಿ ಮನೆ ನೋಡೋಕೆ ಬಂದಾಗ ಕಂಬ ಆಮೇಲೆ ನೋಡಿ. ಮೊದಲು ಇ-ಖಾತೆ ಯಾರ ಹೆಸರಿಗಿದೆ ಕೇಳಿ, ಅದಿಲ್ಲದೆ ಈಗ ನೋಂದಣಿನೇ ಆಗಲ್ಲ. ವಂಶವೃಕ್ಷ ಕೇಳಿ, ಅದರಲ್ಲಿ ಹೆಣ್ಣುಮಕ್ಕಳ ಹೆಸರು ಬಿಟ್ಟಿದ್ದಾರಾ ನೋಡಿ, ಬಿಡೋದೇ ಜಾಸ್ತಿ. ಮನೆ ಮೇಲೆ ಅಡಮಾನ, ಸಾಲ ಇದೆಯಾ ಅಂತ ತಿಳಿಸೋ ಋಣಭಾರ ಪತ್ರ ತೆಗೆಸಿ. ಚಕ್ಕುಬಂದಿ ಓದಿ, ನಾಲ್ಕೂ ದಿಕ್ಕಿಗೆ ನಡೆದು ನೋಡಿ, ಅಕ್ಕಪಕ್ಕದವರ ಮನೇಲಿ ಕಾಫಿ ಕುಡೀರಿ. ಪಕ್ಕದವರ ತೊಲೆ ನಿಮ್ಮ ಗೋಡೆ ಮೇಲಿದ್ರೆ ನಾಳೆ ನಿಮ್ಮ ನಕ್ಷೆಗೆ ಮೊದಲ ತಕರಾರು ಅವರದ್ದೇ.

ಇನ್ನು ಆ ಎರಡು ಬೀಗದ ಮನೆ. ನಾನು ಎಣಿಸಿದ ಮಟ್ಟಿಗೆ ಹನ್ನೊಂದು ಪಾಲು. ಹೋದ ಮಳೆಗೆ ತೊಟ್ಟಿಯ ಹಿಂದಿನ ಸೂರು ಕುಸಿದಿದೆ, ಬೀದಿಗೆ ಕಾಣಲ್ಲ. ಒಂದು ಬೀಗದಕೈ ಮುಳಬಾಗಿಲಲ್ಲಿದೆ, ಇನ್ನೊಂದು ಕೃಷ್ಣಗಿರಿಯಲ್ಲಿ. ವರ್ಷಕ್ಕೊಂದು ಸಲ, ಪಿತೃಪಕ್ಷಕ್ಕೆ, ಎರಡೂ ಒಟ್ಟಿಗೆ ಬರುತ್ತೆ. ಎಡೆ ಇಟ್ಟು, ಮಾತಾಡದೆ, ಇಬ್ಬರೂ ತಮ್ಮ ತಮ್ಮ ಬೀಗ ಹಾಕಿಕೊಂಡು ಹೋಗ್ತಾರೆ. ಮಹಾಲಯ ಅಮಾವಾಸ್ಯೆ ದಿನ ಬೆಳಿಗ್ಗೆ ಹತ್ತರೊಳಗೆ ಬಂದ್ರೆ ಒಳಗಿನ ಕಂಬ ತೋರಿಸಬಲ್ಲೆ. ವ್ಯಾಪಾರದ ಮಾತು ಮಾತ್ರ ಅವತ್ತು ಎತ್ತಬೇಡಿ.