ಆ ನೆಲಕ್ಕೆ ಒಡೆಯರಿದ್ದರು

ನಮಸ್ಕಾರ.

‘ಯಾರದ್ದೂ ಅಲ್ಲದ ನೆಲ’ ಎಂಬ ನಿಮ್ಮ ಲೇಖನ ಓದಿದೆ. ಹಡಗಿನಲ್ಲಿ ಅಲಾಸ್ಕಾದ ಆಗ್ನೇಯ ಕರಾವಳಿ ನೋಡಿ ಬಂದಿದ್ದೀರಿ. ಅಲ್ಲಿನ ಟ್ಲಿಂಗಿಟ್ ಮತ್ತು ಹೈಡಾ ಜನರ ಬಗ್ಗೆ ಕನ್ನಡದಲ್ಲಿ ಬರೆಯಬೇಕು ಅನ್ನಿಸಿದೆ. ಅದು ಸಂತೋಷದ ವಿಷಯ. ನಿಮ್ಮ ಭಾಷೆ ಚೆನ್ನಾಗಿದೆ. ಹಿಮನದಿಯ ತುಂಡು ಕಳಚಿ ನೀರಿಗೆ ಬೀಳುವ ಪ್ಯಾರಾದಲ್ಲಿ ಒಂದಕ್ಷರವನ್ನೂ ನಾನು ಮುಟ್ಟುವುದಿಲ್ಲ.

ಆದರೆ ಲೇಖನವನ್ನು ಈಗಿರುವ ಹಾಗೆ ಹಾಕಲಾರೆ. ಓದುವಾಗ ಎರಡು ಕಡೆ ನನಗೆ ಸಿಟ್ಟೇ ಬಂತು. ಉಳಿದದ್ದನ್ನು ಬಿಟ್ಟು ಅವೆರಡರ ಬಗ್ಗೆ ಮಾತ್ರ ಬರೆಯುತ್ತೇನೆ.

ಮೊದಲನೆಯದು ಎರಡನೇ ಪುಟದಲ್ಲಿದೆ. ‘ಈ ಮುಗ್ಧ ಜನರಿಗೆ ಭೂಮಿ ತಾಯಿ. ತಾಯಿಯನ್ನು ಯಾರಾದರೂ ತಮ್ಮ ಹೆಸರಿಗೆ ಬರೆಸಿಕೊಳ್ಳುತ್ತಾರೆಯೇ? ನೆಲಕ್ಕೆ ಒಡೆತನ ಇರುತ್ತದೆ ಎಂದೇ ಅವರಿಗೆ ಗೊತ್ತಿರಲಿಲ್ಲ.’

ಕೇಳುವುದಕ್ಕೆ ಹಿತವಾಗಿದೆ. ಆದರೆ ನಿಜ ಅಲ್ಲ. ಒಡೆತನದ ವಿಷಯದಲ್ಲಿ ಟ್ಲಿಂಗಿಟರು ಬಹಳ ಕಟ್ಟುನಿಟ್ಟು. ಅವರ ಸಮಾಜದಲ್ಲಿ ಕಾಡುಕಾಗೆ, ಹದ್ದು ಎಂದು ಎರಡು ಪಾಲು. ಒಂದೊಂದು ಪಾಲಿನಲ್ಲೂ ಹಲವು ಕುಲಗಳು. ಕುಲ ತಾಯಿಯ ಕಡೆಯಿಂದ ಬರುತ್ತದೆ. ಸಾಲ್ಮನ್ ಮೀನು ಹತ್ತುವ ಹೊಳೆ ಯಾವ ಕುಲದ್ದು, ಬೆರ್ರಿ ಹಣ್ಣಿನ ಜಾಗ ಯಾರದ್ದು, ಸೀಲ್ ಬೇಟೆಯ ಕೊಲ್ಲಿ ಯಾರದ್ದು ಎಂಬುದು ಸುತ್ತಲಿನವರಿಗೆಲ್ಲ ಗೊತ್ತಿತ್ತು. ಬೇರೆ ಕುಲದವರು ಅಲ್ಲಿ ಬಲೆ ಹಾಕಬೇಕಾದರೆ ಕೇಳಿಯೇ ಹಾಕಬೇಕು. ಕೇಳದೆ ನುಗ್ಗಿದರೆ ಪರಿಹಾರ ತೆರಬೇಕು.

ಅದರ ಮುಂದಿನ ಸಾಲು ನೋಡಿ. ‘ಮೀನು ಸಿಕ್ಕಲ್ಲಿ ನಿಂತರು, ಹಣ್ಣು ಸಿಕ್ಕಲ್ಲಿ ತಂಗಿದರು.’ ಇಲ್ಲ. ಅವರಿಗೆ ಚಳಿಗಾಲದ ಕಾಯಂ ಊರುಗಳಿದ್ದವು. ದಪ್ಪ ಹಲಗೆಯ ದೊಡ್ಡ ದೊಡ್ಡ ಮನೆಗಳು, ಮನೆಗೊಂದು ಹೆಸರು. ಬೇಸಿಗೆಯಲ್ಲಿ ತಮ್ಮ ಕುಲದ ಹೊಳೆಗೆ ಹೋಗಿ, ಮೀನು ಹಿಡಿದು, ಒಣಗಿಸಿ, ಊರಿಗೆ ವಾಪಸ್ ಬರುತ್ತಿದ್ದರು. ಎಲ್ಲಿಗೆ ಹೋಗಬೇಕು ಅನ್ನುವುದು ಮೊದಲೇ ಗೊತ್ತಿರುತ್ತಿತ್ತು.

ನಾನು ಇದನ್ನು ಇಷ್ಟು ಹಟ ಹಿಡಿದು ಹೇಳುವುದಕ್ಕೆ ಕಾರಣ ಇದೆ. ನೀವು ಪ್ರೀತಿಯಿಂದ ಬರೆದ ಈ ಮಾತನ್ನು 1955ರಲ್ಲಿ ಅಮೆರಿಕದ ಸುಪ್ರೀಂ ಕೋರ್ಟ್ ಹೆಚ್ಚು ಕಡಿಮೆ ಹೀಗೆಯೇ ಆಡಿತ್ತು. ಟೀಹಿಟ್ಟನ್ ಎಂಬುದು ಟ್ಲಿಂಗಿಟರ ಒಂದು ಸಣ್ಣ ಕುಲ. ಅವರು ತಮ್ಮದೆನ್ನುವ ಕಾಡಿನ ಮರಗಳನ್ನು ಸರ್ಕಾರ 1951ರಲ್ಲಿ ಒಂದು ಕಂಪನಿಗೆ ಮಾರಿತು. ಒಡೆತನದ ತಕರಾರು ಏನೇ ಇರಲಿ, ಮರ ಮಾರಬಹುದು ಎಂಬ ಕಾನೂನನ್ನು 1947ರಲ್ಲೇ ಮಾಡಿಕೊಂಡಿತ್ತು. ಕುಲದವರು ಪರಿಹಾರ ಕೇಳಿ ಕೋರ್ಟಿಗೆ ಹೋದರು. ಇವರು ಬೇಟೆ, ಮೀನುಗಾರಿಕೆಯ ಹಂತದಲ್ಲಿದ್ದವರು, ಇವರ ನೆಲದ ಬಳಕೆ ಅಲೆಮಾರಿ ಬುಡಕಟ್ಟುಗಳ ಬಳಕೆಯಂತೆಯೇ ಇತ್ತು ಎಂದು ಕೋರ್ಟ್ ಬರೆಯಿತು. ಸಂಸತ್ತು ಮಾನ್ಯ ಮಾಡದ ಇಂಥ ಹಕ್ಕಿಗೆ ಸಂವಿಧಾನದ ಪ್ರಕಾರ ಪರಿಹಾರ ಕೊಡಬೇಕಿಲ್ಲ ಎಂದಿತು. ಒಡೆತನ ಗೊತ್ತಿಲ್ಲದ ಜನ ಅಂದುಬಿಟ್ಟರೆ ಅವರಿಂದ ಏನೂ ಕಿತ್ತುಕೊಂಡ ಹಾಗಾಗುವುದಿಲ್ಲ, ಅಲ್ವಾ? ನಿಮ್ಮ ಶೀರ್ಷಿಕೆ ಹೇಳುತ್ತಿರುವುದೂ ಅದನ್ನೇ.

ನಾನು ಕೆಲಸ ಕಲಿತದ್ದು ಮಲೆನಾಡಿನ ಒಂದು ಸಣ್ಣ ವಾರಪತ್ರಿಕೆಯಲ್ಲಿ. ಪ್ರೂಫ್ ನೋಡುವುದು ನನ್ನ ಕೆಲಸ. ಮುಳುಗಡೆಯಲ್ಲಿ ಊರು ಕಳೆದುಕೊಂಡವರು ಆಫೀಸಿಗೆ ಬರುತ್ತಿದ್ದರು. ಅವರ ಬಗ್ಗೆ ಬರೆದು ತರುವ ಹುಡುಗರೆಲ್ಲ ‘ಮಣ್ಣಿನ ಮಕ್ಕಳ ಕಣ್ಣೀರು’ ಅಂತಲೇ ಶುರು ಮಾಡುತ್ತಿದ್ದರು. ನಮ್ಮ ಸಂಪಾದಕರು ಆ ಹಾಳೆಯನ್ನು ಪಕ್ಕಕ್ಕಿಟ್ಟು, ಬಂದವರನ್ನೇ ಬೆಂಚಿನ ಮೇಲೆ ಕೂರಿಸಿ ಕೇಳುತ್ತಿದ್ದರು: ‘ನಿಮ್ಮ ಜಾಗದ ಚಕ್ಕುಬಂದಿ ಹೇಳಿ.’ ಒಬ್ಬ ಅಜ್ಜಿ ಹೇಳಿದ್ದು ನನಗೆ ಈಗಲೂ ನೆನಪಿದೆ. ಮೂಡಲಿಗೆ ಭಾವನ ತೋಟ, ಪಡುವಲಿಗೆ ಹಳ್ಳ, ತೆಂಕಲಿಗೆ ಬ್ಯಾಣ, ಬಡಗಲಿಗೆ ಚೌಡಿಬನ. ಎಲ್ಲವೂ ನೀರಿನಡಿಗೆ ಹೋಗಿತ್ತು. ಅಜ್ಜಿ ಒಂದು ಕಡೆಯೂ ತಡವರಿಸಲಿಲ್ಲ. ‘ಇದನ್ನ ಬರಕೋ’ ಎಂದು ಸಂಪಾದಕರು ನನ್ನ ಕೈಗೆ ಪೆನ್ನು ಕೊಟ್ಟರು. ಅವರಿಗೆ ಕನಿಕರದ ಬರಹ ಆಗುತ್ತಿರಲಿಲ್ಲ. ಯಾರದ್ದು ಹೋಯಿತು, ಯಾರು ತೆಗೆದುಕೊಂಡರು, ಇವೆರಡು ಅವರಿಗೆ ಬೇಕಿತ್ತು.

ಟ್ಲಿಂಗಿಟ್ ಮತ್ತು ಹೈಡಾ ಹಿರಿಯರೂ ಹೀಗೆ ಚಕ್ಕುಬಂದಿ ಹೇಳಿದ್ದಾರೆ. 1946ರಲ್ಲಿ ವಾಲ್ಟರ್ ಗೋಲ್ಡ್‌ಶ್ಮಿಟ್ ಎಂಬ ಮಾನವಶಾಸ್ತ್ರಜ್ಞ ಮತ್ತು ಥಿಯೋಡೋರ್ ಹಾಸ್ ಎಂಬ ವಕೀಲ ಸರ್ಕಾರದ ಪರವಾಗಿಯೇ ಊರೂರಿಗೆ ಹೋಗಿ ಕೇಳಿ ಬರೆದುಕೊಂಡರು. ಈ ಹೊಳೆ ಇಂಥ ಕುಲದ್ದು, ಆ ಕೊಲ್ಲಿಯಲ್ಲಿ ನಮ್ಮ ಮಾವನ ಮೀನು ಒಣಗಿಸುವ ಮನೆ ಇತ್ತು ಎಂಬಂಥ ಹೇಳಿಕೆಗಳು ಅವು. ಅವನ್ನು ಓದಿ. ನಿಮ್ಮ ಎರಡನೇ ಪುಟ ತಾನಾಗಿಯೇ ಬಿದ್ದುಹೋಗುತ್ತದೆ.

ಅದೇ ಪುಟದ ಕೊನೆಯಲ್ಲಿ ಇನ್ನೊಂದು ಸಾಲಿದೆ. ‘ಕಾಲಚಕ್ರ ಉರುಳಿತು, ನೆಲ ಕೈತಪ್ಪಿತು.’ ಕಾಲಚಕ್ರ ಏನೂ ಮಾಡಲಿಲ್ಲ. ರಷ್ಯನ್ನರ ಕೈಯಲ್ಲಿ ಇದ್ದದ್ದು ಸಿಟ್ಕಾದಂಥ ಕೆಲವು ನೆಲೆಗಳು ಮಾತ್ರ. ಆದರೂ 1867ರಲ್ಲಿ ಇಡೀ ಅಲಾಸ್ಕಾವನ್ನು 72 ಲಕ್ಷ ಡಾಲರಿಗೆ ಅಮೆರಿಕಕ್ಕೆ ಮಾರಿದರು. ಟ್ಲಿಂಗಿಟರನ್ನು ಯಾರೂ ಕೇಳಲಿಲ್ಲ. 1882ರಲ್ಲಿ ಅಂಗೂನ್ ಎಂಬ ಊರಿನ ಒಬ್ಬ ಹಿರಿಯ ವೈದ್ಯ ತಿಮಿಂಗಿಲ ಬೇಟೆಯ ಕಂಪನಿಯ ಕೆಲಸದಲ್ಲಿ ಸತ್ತ. ಊರವರು ತಮ್ಮ ಪದ್ಧತಿಯಂತೆ 200 ಕಂಬಳಿ ಪರಿಹಾರ ಕೇಳಿದರು. ನೌಕಾಪಡೆ ಬಂದು ತಿರುಗಿ 400 ಕಂಬಳಿ ದಂಡ ಹಾಕಿತು. ಕೊಡಲಾಗದಿದ್ದಾಗ ಊರಿನ ಮೇಲೆ ಗುಂಡು ಹಾರಿಸಿ ಮನೆ, ದೋಣಿ, ಚಳಿಗಾಲಕ್ಕೆ ಕೂಡಿಟ್ಟ ಆಹಾರ ಎಲ್ಲವನ್ನೂ ನಾಶ ಮಾಡಿತು. ನೌಕಾಪಡೆ ಕ್ಷಮೆ ಕೇಳಿದ್ದು 2024ರಲ್ಲಿ. ಇನ್ನು 1907ರಲ್ಲಿ ಅಧ್ಯಕ್ಷ ಥಿಯೋಡರ್ ರೂಸ್‌ವೆಲ್ಟ್ ಆ ಕಾಡುಗಳನ್ನು ಟಾಂಗಸ್ ರಾಷ್ಟ್ರೀಯ ಅರಣ್ಯ ಎಂದು ಘೋಷಿಸಿದರು. ಇವರೆಲ್ಲ ಮಾಡಿದ್ದನ್ನು ಒಂದು ಕಾಲಚಕ್ರದ ಮೇಲೆ ಹೊರಿಸಬೇಡಿ.

ಟ್ಲಿಂಗಿಟರೂ ಸುಮ್ನೆ ಕೂತಿರಲಿಲ್ಲ. 1912ರಲ್ಲಿ ಅವರು ಅಲಾಸ್ಕಾ ನೇಟಿವ್ ಬ್ರದರ್‌ಹುಡ್ ಎಂಬ ಸಂಘಟನೆ ಕಟ್ಟಿದರು. 1929ರಲ್ಲಿ ಹೇನ್ಸ್ ಊರಿನಲ್ಲಿ ಸಭೆ ಸೇರಿ, ನೆಲಕ್ಕಾಗಿ ದಾವೆ ಹೂಡಬೇಕೆಂದು ತೀರ್ಮಾನಿಸಿದರು. ಸರ್ಕಾರದ ಮೇಲೆ ದಾವೆ ಹೂಡಲು ಸಂಸತ್ತಿನ ಅನುಮತಿ ಬೇಕಿತ್ತು, ಅದು 1935ರಲ್ಲಿ ಸಿಕ್ಕಿತು. ಆ ನೆಲ ಮೂಲತಃ ಅವರದ್ದೇ ಎಂದು ಪರಿಹಾರದ ಕೋರ್ಟ್ 1959ರಲ್ಲಿ ಒಪ್ಪಿತು. 1968ರಲ್ಲಿ ಕೊಟ್ಟ ಹಣ ಸುಮಾರು 75 ಲಕ್ಷ ಡಾಲರ್. ರಷ್ಯಾಕ್ಕೆ ಕೊಟ್ಟ ಮೊತ್ತದ ಪಕ್ಕದಲ್ಲಿ, ನೂರು ವರ್ಷದ ನಂತರದ ಈ ಮೊತ್ತವನ್ನು ಇಟ್ಟು ನೋಡಿ. ಟ್ಲಿಂಗಿಟ್ ವಕೀಲ ವಿಲಿಯಂ ಪಾಲ್ ಈ ಹೋರಾಟದ ಮುಂದಾಳು. ಅವರ ಹೆಸರು ನಿಮ್ಮ ಲೇಖನದಲ್ಲಿ ಇಲ್ಲವೇ ಇಲ್ಲ.

ಎರಡನೆಯ ಸಿಟ್ಟು ಕಥೆಯ ಬಗ್ಗೆ. ಗ್ಲೇಷಿಯರ್ ಬೇ ಎಂಬ ಕೊಲ್ಲಿ ನೋಡುವಾಗ ನೀವು ಬರೆಯುತ್ತೀರಿ: ‘ಹಿಮನದಿ ನುಗ್ಗಿ ಬಂದಾಗ ಊರು ಬಿಡದೆ ಹಿಂದೆ ಉಳಿದ ಹೆಣ್ಣೊಬ್ಬಳ ಜಾನಪದ ಕಥೆಯೊಂದು ಇಲ್ಲಿದೆ.’ ಆಮೇಲೆ ಒಂದು ಪುಟ ಆ ಕಥೆ. ಯಾರು ಹೇಳಿದರು? ಯಾರದ್ದು? ಒಂದು ಮಾತೂ ಇಲ್ಲ.

ಆ ಕಥೆಗೆ ಒಡೆಯರಿದ್ದಾರೆ. ಅದು ಹೂನಾ ಊರಿನ ಚೂಕನೇಡಿ ಕುಲದ್ದು. ಕಾಸ್ಟೀನ್ ಎಂಬಾಕೆ ಅವರ ಕುಲದ ಹೆಣ್ಣು. ಟ್ಲಿಂಗಿಟರಲ್ಲಿ ಕುಲದ ಹಾಡು, ಲಾಂಛನ, ಹೆಸರು, ಕಥೆ ಎಲ್ಲವೂ ಆಸ್ತಿಯೇ. ಕಾಸ್ಟೀನ್ ಪ್ರಾಣ ಕೊಟ್ಟಿದ್ದರಿಂದ ಆ ಕೊಲ್ಲಿಯ ಮೇಲೆ ತಮಗೆ ಹಕ್ಕಿದೆ ಎಂದು ಕುಲದವರು ಹೇಳುತ್ತಾರೆ. ಅಂದರೆ ನೀವು ಜಾನಪದ ಎಂದು ಬರೆದದ್ದು ಅವರ ಹಕ್ಕುಪತ್ರ. 1925ರಲ್ಲಿ ಸರ್ಕಾರ ಆ ಕೊಲ್ಲಿಯನ್ನು ರಾಷ್ಟ್ರೀಯ ಸ್ಮಾರಕ ಎಂದು ಘೋಷಿಸಿತು. ಮುಂದೆ ಹೂನಾ ಜನ ತಮ್ಮದೇ ಜಾಗದಲ್ಲಿ ಸೀಲ್ ಬೇಟೆ ಆಡುವ ಹಾಗಿಲ್ಲ, ಹಕ್ಕಿಮೊಟ್ಟೆ ಆಯುವ ಹಾಗಿಲ್ಲ ಎಂದಾಯಿತು. 2016ರಲ್ಲಿ ಪಾರ್ಕಿನೊಳಗೆ ಅವರ ಕುಲಗಳ ಮನೆಯೊಂದು ಮತ್ತೆ ಎದ್ದಿತು. ಇದನ್ನೆಲ್ಲ ಬಿಟ್ಟು ಕಥೆಯನ್ನು ಮಾತ್ರ ಎತ್ತಿಕೊಂಡು ಬಂದರೆ ಕೇಳದೆ ಇನ್ನೊಬ್ಬರ ಹೊಳೆಗೆ ಬಲೆ ಹಾಕಿದ ಹಾಗೆಯೇ.

ಕಥೆ ಮಾತ್ರವಲ್ಲ, ಕೆತ್ತಿದ ಕಂಬಕ್ಕೂ ಇದೇ ಮಾತು. ‘ಇಂದು ಉಳಿದಿರುವುದು ಮೂಕ ಕಂಬಗಳು’ ಎಂದು ಮುಗಿಸಿದ್ದೀರಿ. ಕ್ಲಕ್ವಾನ್ ಊರಿನ ತಿಮಿಂಗಿಲ ಮನೆಯ ಕೆತ್ತನೆಯ ಕಂಬಗಳನ್ನು 1984ರಲ್ಲಿ ಮಾರಾಟಕ್ಕೆ ಸಾಗಿಸಿದ್ದರು. ಅವು ಕುಲದ ಆಸ್ತಿ, ಯಾರೊಬ್ಬರೂ ಮಾರುವಂತಿಲ್ಲ ಎಂದು ಊರಿನದೇ ಬುಡಕಟ್ಟು ಕೋರ್ಟ್ 1993ರಲ್ಲಿ ತೀರ್ಪು ಕೊಟ್ಟಿತು. ಕಂಬಗಳು ವಾಪಸ್ ಬಂದವು. ಹೈಡಾ ಜನರ ಬಗ್ಗೆ ಒಂದೇ ಪ್ಯಾರಾ ಇದೆ, ಅದೂ ಭೂತಕಾಲದಲ್ಲಿ. ಕೆನಡಾ ಕಡೆಯ ಹೈಡಾ ಗ್ವಾಯಿ ದ್ವೀಪಗಳಲ್ಲಿ ಅವರು 1985ರಲ್ಲಿ ಲೈಲ್ ದ್ವೀಪದ ಮರ ಕಡಿಯುವ ರಸ್ತೆಗೆ ಅಡ್ಡ ನಿಂತು ಬಂಧನಕ್ಕೆ ಒಳಗಾದರು. 2024ರಲ್ಲಿ ಬ್ರಿಟಿಷ್ ಕೊಲಂಬಿಯಾ ಸರ್ಕಾರ ಆ ದ್ವೀಪಗಳು ಹೈಡಾ ಜನರವೇ ಎಂದು ಕಾನೂನು ಮಾಡಿ ಒಪ್ಪಿಕೊಂಡಿತು. ಇಂಥವರನ್ನು ‘ಇದ್ದರು’ ಎಂದು ಬರೆಯುವುದು ಹೇಗೆ?

ಇನ್ನೊಮ್ಮೆ ಬರೆಯಿರಿ. ಶೀರ್ಷಿಕೆ ತೆಗೆಯಿರಿ. ‘ಮುಗ್ಧ’ ಎಂಬ ಪದ ಎಲ್ಲೆಲ್ಲಿದೆಯೋ ಅಲ್ಲೆಲ್ಲ ಒಂದು ಕುಲದ ಅಥವಾ ಒಬ್ಬ ಮನುಷ್ಯನ ಹೆಸರು ಬರಲಿ. ಕಥೆಯನ್ನು ಪೂರ್ತಿ ಹೇಳುವ ಅಗತ್ಯ ಇಲ್ಲ. ಅದು ಯಾರದ್ದು, ಅವರು ಅದರಿಂದ ಯಾವ ನೆಲವನ್ನು ತಮ್ಮದೆನ್ನುತ್ತಾರೆ ಎಂದು ಹೇಳಿದರೆ ಸಾಕು. 1929ರ ಹೇನ್ಸ್ ಸಭೆಯಿಂದ ಶುರು ಮಾಡಿ ನೋಡಿ. ಹಡಗು ಆಮೇಲೆ ಬರಲಿ.